ಫೋಟೊದ ಬೆನ್ನು ಓದಿ

ತಾಯಂದಿರ ದಿನ ಬಂತೆಂದರೆ ಅಜ್ಜಿಯ ಕಪ್ಪು-ಬಿಳುಪು ಫೋಟೊ ವಾಟ್ಸಾಪ್ ಸ್ಟೇಟಸ್ಸಿಗೆ ಏರುತ್ತದೆ, ಕೆಳಗೆ ‘ತ್ಯಾಗಮಯಿ’ ಎಂಬ ಒಂದು ಪದ. ಆ ಅಜ್ಜಿಯ ತವರು ಯಾವುದು, ಮದುವೆಗೆ ಮುಂಚೆ ಹೆಸರೇನಿತ್ತು ಎಂದು ಕೇಳಿ ನೋಡಿ, ಬಾಯಿ ಬಿಡುವವರಿಲ್ಲ. ಇಡೀ ಬದುಕನ್ನು ಹೀಗೆ ಒಂದು ಹೊಗಳಿಕೆಯಲ್ಲಿ ಮುಗಿಸಿಬಿಡುವುದು ಕಂಡರೆ ನನಗೆ ಸಿಟ್ಟು ಬರುತ್ತದೆ.

ಫೋಟೊವನ್ನು ಬೆನ್ನಿನಿಂದ ನೋಡಲು ಶುರು ಮಾಡಿ. ಮುಂಬದಿಯಲ್ಲಿ ಸೀರೆಯ ನೆರಿಗೆ, ಒಡವೆ, ತೊಡೆಯ ಮೇಲಿನ ಪುಸ್ತಕ ಎಲ್ಲ ಸ್ಟುಡಿಯೊದವರು ಜೋಡಿಸಿದ್ದು. ಹಿಂಬದಿಯಲ್ಲಿ ಮೊಹರು ಇರುತ್ತದೆ, ಊರು ಇರುತ್ತದೆ, ಕೈಬರಹ ಇರುತ್ತದೆ. ನಮ್ಮ ದೊಡ್ಡಮ್ಮನ ಮನೆಯ ಪಡಸಾಲೆಯಲ್ಲಿ ಒಂದು ಮದುವೆ ಫೋಟೊ ತೂಗುತ್ತಿತ್ತು. ಅವರು ತೀರಿಕೊಂಡ ವರ್ಷ ಗಾಜು ಒಡೆದು, ಕಟ್ಟು ಬಿಚ್ಚಿದೆವು. ಹಿಂದೆ ಗಂಡಸರ ಹೆಸರುಗಳೆಲ್ಲ ಇಂಕಿನಲ್ಲಿ ಸಾಲಾಗಿದ್ದವು. ಹೆಂಗಸರಿಗೆ ಸೇರಿಸಿ ‘ಮನೆಯವರು’ ಎಂದಷ್ಟೇ. ಅದರ ಕೆಳಗೆ ಪೆನ್ಸಿಲಿನಲ್ಲಿ, ಅಂಕುಡೊಂಕಾಗಿ, ದೊಡ್ಡಮ್ಮ ಏಳೂ ಹೆಂಗಸರ ಹೆಸರು ಬರೆದಿದ್ದರು. ಕೊನೆಯದು ಅವರದೇ, ಅತ್ತೆಮನೆಯವರು ಇಟ್ಟದ್ದಲ್ಲ, ತವರಿನದು. ಆ ಹೆಸರು ನಾವ್ಯಾರೂ ಕೇಳಿರಲಿಲ್ಲ. ಅವತ್ತಿನಿಂದ ಯಾರ ಮನೆಗೆ ಹೋದರೂ ಫೋಟೊ ತಿರುಗಿಸದೆ ನಾನು ಬಂದಿಲ್ಲ.

ಕ್ಯಾಮೆರಾ ಹಿಡಿದವಳ ಪಾಡೂ ಇದೇ. ದೇಶದ ಮೊದಲ ಮಹಿಳಾ ಪತ್ರಿಕಾ ಛಾಯಾಗ್ರಾಹಕಿ ಹೋಮಾಯಿ ವ್ಯಾರಾವಾಲಾ ತೆಗೆದ ಆರಂಭದ ಚಿತ್ರಗಳು ಅಚ್ಚಾದದ್ದು ಗಂಡನ ಹೆಸರಿನಲ್ಲಿ.

ಹೆಂಗಸರು ತಾವೇ ಬರೆದ ಆತ್ಮಕಥೆಗಳನ್ನೂ ಮುಂಬದಿಯಿಂದಲೇ, ಕಣ್ಣೀರಿಗಾಗಿ ಓದುವವರೇ ಹೆಚ್ಚು. 1876ರಲ್ಲಿ ಅಚ್ಚಾದ ಬಂಗಾಳದ ರಾಸಸುಂದರಿ ದೇವಿಯವರ ‘ಆಮಾರ್ ಜೀಬನ್’ ಓದುವಾಗ ಅಳುವುದನ್ನು ಬಿಟ್ಟು ಅಡುಗೆಮನೆ ನೋಡಿ. ‘ಚೈತನ್ಯ ಭಾಗವತ’ದ ಒಂದು ಹಾಳೆಯನ್ನು ಅಲ್ಲಿ ಬಚ್ಚಿಟ್ಟು, ಮಗ ಅಕ್ಷರ ತಿದ್ದಿದ ತಾಳೆಗರಿಯ ಜೊತೆ ಹೋಲಿಸಿ ಹೋಲಿಸಿ ಆಕೆ ಕದ್ದು ಓದು ಕಲಿತರು. ನಮ್ಮಲ್ಲಿ ವಿಜಯಾ ಅವರ ‘ಕುದಿ ಎಸರು’ ಇದೆ, 2019ರ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಪಡೆದದ್ದು. ಹೆಸರಲ್ಲೇ ಒಲೆಯ ಬಿಸಿ ಇದೆ.

ಹೀಗೆ ಕಳೆದುಹೋಗುವುದನ್ನು ಉಳಿಸುವವರೂ ಇದ್ದಾರೆ. ಮುಂಬೈಯ ‘ಸ್ಪ್ಯಾರೋ’ ಸಂಸ್ಥೆ 1988ರಿಂದ ಹೆಂಗಸರ ದನಿ, ಫೋಟೊ, ಕಾಗದಪತ್ರಗಳನ್ನು ಕೂಡಿಡುತ್ತಿದೆ. ಅದನ್ನು ಕಟ್ಟಿದವರಲ್ಲಿ ‘ಅಂಬೈ’ ಹೆಸರಿನಲ್ಲಿ ತಮಿಳು ಕತೆ ಬರೆಯುವ ಸಿ.ಎಸ್. ಲಕ್ಷ್ಮಿ ಒಬ್ಬರು.

ನಿಮ್ಮ ಮನೆಯಲ್ಲೂ ಒಂದು ಟ್ರಂಕು ಇದ್ದೀತು. ಹೆಸರು ಹೇಳಬಲ್ಲ ಹಿರಿಯರು ಇರುವಾಗಲೇ ಅವರ ಪಕ್ಕ ಕೂತು ಒಂದೊಂದೇ ಫೋಟೊ ತಿರುಗಿಸಿ. ಬಾಲ್‌ಪೆನ್ ಬೇಡ, ಗುರುತು ಮುಂಬದಿಗೆ ಒತ್ತುತ್ತದೆ. ಮೆತ್ತನೆ ಪೆನ್ಸಿಲಿನಲ್ಲಿ, ಅಂಚಿಗೆ, ಹಗುರವಾಗಿ ಬರೆಯಿರಿ. ತವರಿನ ಹೆಸರನ್ನು ಮೊದಲು ಬರೆಯಿರಿ.