ಇಲ್ಲದ ಜಲಚರದ ಬೆಳಕು: ಜೂಲ್ ವರ್ನ್‌ನ ಕಾದಂಬರಿಯನ್ನು ಕುರಿತು ಒಂದು ವಿವೇಚನೆ

ಫ್ರೆಂಚ್ ಕಾದಂಬರಿಕಾರ ಜೂಲ್ ವರ್ನ್ 1869ರಿಂದ 1870ರವರೆಗೆ ಧಾರಾವಾಹಿಯಾಗಿ ಪ್ರಕಟಿಸಿದ ‘ಸಮುದ್ರದಡಿಯಲ್ಲಿ ಇಪ್ಪತ್ತು ಸಾವಿರ ಲೀಗುಗಳು’ ಎಂಬ ಕೃತಿಯು ಒಂದು ವಿಚಿತ್ರ ಜಲಚರದ ವಾರ್ತೆಯಿಂದ ಆರಂಭವಾಗುತ್ತದೆ. 1866ರಲ್ಲಿ ಅನೇಕ ಹಡಗುಗಳ ನಾವಿಕರು ಕದಿರಿನ ಆಕಾರದ, ಒಮ್ಮೊಮ್ಮೆ ಹೊಳೆಯುವ, ತಿಮಿಂಗಿಲಕ್ಕಿಂತ ದೊಡ್ಡದೂ ವೇಗಶಾಲಿಯೂ ಆದ ಒಂದನ್ನು ಕಾಣುತ್ತಾರೆ. ಅದು ಪ್ರಾಣಿಯಲ್ಲ, ಕ್ಯಾಪ್ಟನ್ ನೆಮೊ ಕಟ್ಟಿದ ‘ನಾಟಿಲಸ್’ ಎಂಬ ಜಲಾಂತರ್ಗಾಮಿ ನೌಕೆ ಎಂಬುದು ಇಂದಿನ ಓದುಗರಿಗೆ ಪುಸ್ತಕವನ್ನು ತೆರೆಯುವ ಮೊದಲೇ ತಿಳಿದಿರುತ್ತದೆ. ಆದಕಾರಣ ಮೊದಲಿನ ಏಳು ಅಧ್ಯಾಯಗಳನ್ನು ಬರಿಯ ಪೀಠಿಕೆಯೆಂದು ಭಾವಿಸಿ ದಾಟಿಹೋಗುವುದು ವಾಡಿಕೆ. ಇದು ಸರಿಯಲ್ಲವೆಂದು ನಮ್ಮ ಅಭಿಪ್ರಾಯ. ಇಲ್ಲದ ಆ ಪ್ರಾಣಿಯ, ಅದರಲ್ಲೂ ಅದರ ಬೆಳಕಿನ ವಿಚಾರವನ್ನು ಬಿಟ್ಟರೆ ಕೃತಿಯ ಮುಖ್ಯಾರ್ಥವೇ ಕೈತಪ್ಪುತ್ತದೆ.

ಕಥೆಯನ್ನು ಹೇಳುವ ಆರೊನಾಕ್ಸ್ ಪ್ಯಾರಿಸ್ಸಿನ ನಿಸರ್ಗ ವಿಜ್ಞಾನ ಸಂಗ್ರಹಾಲಯದ ಪ್ರಾಧ್ಯಾಪಕ; ಆಳಸಮುದ್ರದ ರಹಸ್ಯಗಳನ್ನು ಕುರಿತು ಗ್ರಂಥ ರಚಿಸಿದವನು. ‘ನ್ಯೂಯಾರ್ಕ್ ಹೆರಾಲ್ಡ್’ ಪತ್ರಿಕೆಗೆ 1867ರ ಏಪ್ರಿಲ್‌ನಲ್ಲಿ ಅವನು ಬರೆದುಕೊಟ್ಟ ಲೇಖನದ ತರ್ಕಸರಣಿಯನ್ನು ಗಮನಿಸಬೇಕು. ಕಂಡದ್ದು ಒಂದೋ ಯಂತ್ರ, ಇಲ್ಲವೇ ಪ್ರಾಣಿ. ಅಂತಹ ಯಂತ್ರವನ್ನು ಗುಟ್ಟಾಗಿ ಕಟ್ಟುವುದು ಒಬ್ಬ ಖಾಸಗಿ ವ್ಯಕ್ತಿಯಿಂದ ಆಗದು, ಸರ್ಕಾರಗಳೆಲ್ಲ ತಮ್ಮದಲ್ಲವೆಂದಿವೆ. ಆದ್ದರಿಂದ ಅದು ಪ್ರಾಣಿ. ನಮಗೆ ತಿಳಿದ ಪ್ರಾಣಿಗಳಲ್ಲಿ ಅದಕ್ಕೆ ಹೋಲುವುದು ನಾರ್ವಾಲ್ ಎಂಬ ಕೊಂಬುಳ್ಳ ತಿಮಿಂಗಿಲ. ಪ್ಯಾರಿಸ್ಸಿನ ವೈದ್ಯಕೀಯ ವಿದ್ಯಾಲಯದ ಸಂಗ್ರಹಾಲಯದಲ್ಲಿ ಅದರ ಎರಡು ಮೀಟರಿಗೂ ಮಿಕ್ಕ ಉದ್ದದ ಕೊಂಬೊಂದು ಇದೆ. ಇನ್ನು ಮಾಡಬೇಕಾದುದು ಪ್ರಾಣಿಯನ್ನು ಐದರಿಂದಲೋ ಹತ್ತರಿಂದಲೋ ಗುಣಿಸುವುದಷ್ಟೆ.

ಈ ವಾದದಲ್ಲಿ ಪ್ರಾಣಿಶಾಸ್ತ್ರದ ದೋಷಗಳು ಇಲ್ಲದಿಲ್ಲ. ಸಾಮಾನ್ಯ ನಾರ್ವಾಲ್ ಅರವತ್ತು ಅಡಿ ಬೆಳೆಯುವುದೆಂದು ಅವನು ಹೇಳುತ್ತಾನೆ. ವಾಸ್ತವವಾಗಿ ಅದು ನಾಲ್ಕೈದು ಮೀಟರಿನ ಪ್ರಾಣಿ. ಆದರೆ ವಾದವು ಮುರಿದುಬೀಳುವುದು ಅಲ್ಲಿ ಅಲ್ಲ. ಒಬ್ಬನೇ ಮನುಷ್ಯನಿಂದ ಇಷ್ಟು ಸಾಧ್ಯವಿಲ್ಲ ಎಂಬ ಮೊದಲ ಹೆಜ್ಜೆಯಲ್ಲಿಯೇ ಅದು ಮುರಿದಿದೆ. ಸಮುದ್ರಕ್ಕೆ ಏನನ್ನು ಬೇಕಾದರೂ ಸಾಧ್ಯವೆಂದು ಒಪ್ಪಿಕೊಡುವ ಪಂಡಿತನು ಮನುಷ್ಯನಿಗೆ ಮಾತ್ರ ಅದನ್ನು ಒಪ್ಪಲಾರ. ಲೇಖನದ ಕೊನೆಯಲ್ಲಿ, ಒಂದು ವೇಳೆ ಕಂಡದ್ದೆಲ್ಲ ಭ್ರಮೆಯೇ ಆಗಿರಲೂಬಹುದು ಎಂಬರ್ಥದ ಮಾತೊಂದನ್ನು ಅವನು ಸೇರಿಸುತ್ತಾನೆ. ಪ್ರಾಧ್ಯಾಪಕನ ಮರ್ಯಾದೆಯನ್ನು ಕಾಯ್ದುಕೊಳ್ಳಲು ಮಾಡಿದ ಹೇಡಿತನವಿದು ಎಂದು ತಾನೇ ಓದುಗನಿಗೆ ಹೇಳಿಬಿಡುತ್ತಾನೆ. ವಿದ್ವತ್ತಿನ ನಡವಳಿಕೆಯನ್ನು ವರ್ನ್ ಬಲ್ಲವನು.

ಇನ್ನು ಬೆಳಕಿನ ವಿಚಾರ. ಪ್ರಾಣಿಯನ್ನು ಅಟ್ಟಿಕೊಂಡು ಹೋದ ‘ಅಬ್ರಹಾಂ ಲಿಂಕನ್’ ಎಂಬ ಯುದ್ಧನೌಕೆಯವರು 1867ರ ನವೆಂಬರ್ 5ರ ರಾತ್ರಿ ಜಪಾನಿನ ಕಡೆಯ ಸಮುದ್ರದಲ್ಲಿ, ನೀರಿನಡಿಯಿಂದ ಹೊಮ್ಮುವ ಒಂದು ದೀರ್ಘವೃತ್ತಾಕಾರದ ಪ್ರಭೆಯನ್ನು ಕಾಣುತ್ತಾರೆ. ಅದು ಸಮುದ್ರದ ಹೊಳೆಯುವ ಕಣಗಳ ಸಮೂಹವಿರಬೇಕೆಂದು ಅಧಿಕಾರಿಯೊಬ್ಬನು ಊಹಿಸುತ್ತಾನೆ. ಆರೊನಾಕ್ಸ್ ಇದನ್ನು ಖಂಡಿಸಿ, ಫೋಲಸ್ ಎಂಬ ಚಿಪ್ಪುಜೀವಿಯಾಗಲಿ ಸಾಲ್ಪ್ ಎಂಬ ಪಾರದರ್ಶಕ ಜೀವಿಯಾಗಲಿ ಇಷ್ಟು ತೀವ್ರವಾದ ಬೆಳಕನ್ನು ಕೊಡಲಾರದು, ಇದು ಮೂಲತಃ ವಿದ್ಯುತ್ತಿನ ಬೆಳಕು ಎನ್ನುತ್ತಾನೆ. ಈ ತೀರ್ಮಾನ ಪೂರ್ಣವಾಗಿ ನಿಜ. ನಾಟಿಲಸ್ಸಿನ ದೀಪ ವಿದ್ಯುದ್ದೀಪವೇ. ಆದರೆ ಅದರಿಂದ ಅವನು ಪಡೆಯುವ ಫಲ ವಿದ್ಯುಚ್ಛಕ್ತಿಯುಳ್ಳ ಇನ್ನೂ ಭಯಂಕರವಾದ ಪ್ರಾಣಿ! ಸತ್ಯವನ್ನು ನುಡಿದ ಬಾಯಿಗೆ ಅದರ ಅರ್ಥ ತಿಳಿಯಲಿಲ್ಲ. ರಹಸ್ಯದ ಸುಳಿವನ್ನು ವರ್ನ್ ಮುಚ್ಚಿಡಲಿಲ್ಲ. ಎಲ್ಲರ ಕಣ್ಣೆದುರಿಗೆ ಇಟ್ಟನು.

ಮುಂದಿನ ವಿಜ್ಞಾನವು ಈ ಸುಳಿವಿಗೆ ಹೊಸ ಬಲವನ್ನು ಕೊಟ್ಟಿತು. 1887ರಲ್ಲಿ ರಫಾಯೆಲ್ ದ್ಯುಬುವಾ ಎಂಬ ಫ್ರೆಂಚ್ ವಿಜ್ಞಾನಿಯು ಅದೇ ಫೋಲಸ್‌ನ ಬೆಳಕನ್ನು ಪರೀಕ್ಷಿಸಿ, ಎರಡು ದ್ರವ್ಯಗಳ ಕೂಡುವಿಕೆಯಿಂದ ಅದು ಹುಟ್ಟುವುದೆಂದು ತೋರಿಸಿ, ಅವಕ್ಕೆ ಲೂಸಿಫೆರಿನ್, ಲೂಸಿಫೆರೇಸ್ ಎಂದು ಹೆಸರಿಟ್ಟನು. ಪ್ರಾಣಿಯ ಬೆಳಕು ರಾಸಾಯನಿಕವೇ ಹೊರತು ವಿದ್ಯುತ್ತಲ್ಲವೆಂದ ಮೇಲೆ, ಆರೊನಾಕ್ಸನ ವಾಕ್ಯವೇ ಅವನ ಪ್ರಾಣಿಯನ್ನು ಇಲ್ಲವೆಂದು ಸಾರುವಂತಾಯಿತು.

ಪ್ರಾಣಿ ಉಕ್ಕಿನ ತಗಡಾಗಿ ಬದಲಾದಾಗ ಅದ್ಭುತರಸಕ್ಕೆ ಭಂಗ ಬಂದಿತೆಂದು ಆಕ್ಷೇಪಿಸಬಹುದು. ಇದಕ್ಕೆ ಉತ್ತರ ಕಾದಂಬರಿಯ ಎರಡನೆಯ ಭಾಗದ ಆರಂಭದಲ್ಲಿದೆ. 1868ರ ಜನವರಿ 27ರ ಸಂಜೆ ಬಂಗಾಳಕೊಲ್ಲಿಯ ಬಾಗಿಲಲ್ಲಿ ನಾಟಿಲಸ್ ಹಾಲಿನಂತೆ ಬೆಳಗುವ ನೀರಿನ ಮೇಲೆ ತೇಲುತ್ತದೆ. ಒಂದು ಮಿಲಿಮೀಟರಿನ ಐದನೆಯ ಒಂದು ಭಾಗದಷ್ಟಿರುವ ಅಸಂಖ್ಯ ಜೀವಿಗಳೇ ಇದಕ್ಕೆ ಕಾರಣವೆಂದು ಆರೊನಾಕ್ಸ್ ತನ್ನ ಸೇವಕನಿಗೆ ವಿವರಿಸಿ, ಅವುಗಳನ್ನು ಎಣಿಸುವ ಯತ್ನ ವ್ಯರ್ಥವೆನ್ನುತ್ತಾನೆ. ಇಲ್ಲದ ಒಂದು ಮಹಾಪ್ರಾಣಿಯಿಂದ ಕಿತ್ತುಕೊಂಡ ಬೆಳಕನ್ನು ವರ್ನ್ ಇಲ್ಲಿ ಇರುವ ಕೋಟ್ಯಂತರ ಅಣುಜೀವಿಗಳಿಗೆ ಹಿಂದಿರುಗಿಸುತ್ತಾನೆ. ಇಂದಿನ ತಿಳಿವಳಿಕೆಯಂತೆ ಇಂತಹ ಸಮುದ್ರವನ್ನು ಬೆಳಗಿಸುವವು ಇನ್ನೂ ಸೂಕ್ಷ್ಮವಾದ ಬ್ಯಾಕ್ಟೀರಿಯಗಳು. 1995ರ ಜನವರಿಯಲ್ಲಿ ಸೊಮಾಲಿಯದ ಬಳಿ ಸುಮಾರು 15,400 ಚದರ ಕಿಲೋಮೀಟರುಗಳಷ್ಟು ಸಮುದ್ರ ಹೀಗೆ ಬೆಳಗಿದುದನ್ನು ಉಪಗ್ರಹದ ಚಿತ್ರಗಳಿಂದ ಗುರುತಿಸಿ, ವಿಜ್ಞಾನಿಗಳು 2005ರಲ್ಲಿ ಪ್ರಕಟಿಸಿದರು. ವಿಸ್ಮಯಕ್ಕೆ ಇದರಿಂದ ಕುಂದು ಬಂದಿತೆಂದು ಯಾರೂ ಹೇಳಲಾರರು.

ಆದರೆ ಭಯದ ಗತಿ ಬೇರೆ. ‘ಸ್ಕೋಷಿಯ’ ಎಂಬ ಹಡಗಿನ ಪಕ್ಕವನ್ನು ಸೀಳಿದ್ದು ನಾರ್ವಾಲ್ ಆಗಿದ್ದರೆ ಅದರಲ್ಲಿ ಅಪರಾಧವಿಲ್ಲ, ಪ್ರಾಣಿಗೆ ಸಂಕಲ್ಪವಿಲ್ಲ. ಕಾದಂಬರಿಯ ಕೊನೆಯಲ್ಲಿ ನೆಮೊ ಒಂದು ಯುದ್ಧನೌಕೆಯನ್ನು ಅದರ ಜನರೊಡನೆ ಬೇಕೆಂದೇ ಮುಳುಗಿಸುವಾಗ ಆರೊನಾಕ್ಸನಿಗೆ ಉಂಟಾಗುವ ಭೀತಿ ಯಾವ ಜಲಚರದಿಂದಲೂ ಉಂಟಾಗಿರಲಿಲ್ಲ. 1874–75ರಲ್ಲಿ ಬಂದ ‘ರಹಸ್ಯ ದ್ವೀಪ’ದಲ್ಲಿ ಈ ನೆಮೊ ಬುಂದೇಲಖಂಡದ ರಾಜಕುಮಾರನೆಂದೂ, ನಮ್ಮ ಟಿಪ್ಪುವಿನ ಸೋದರ ಸಂಬಂಧದ ಮಗನೆಂದೂ, 1857ರ ಹೋರಾಟದಲ್ಲಿ ತನ್ನವರನ್ನು ಕಳೆದುಕೊಂಡವನೆಂದೂ ವರ್ನ್ ತಿಳಿಸುತ್ತಾನೆ. ಕಾಲಗಣನೆಗೆ ಇದು ಒಗ್ಗದಿದ್ದರೂ ಅಭಿಪ್ರಾಯ ಸ್ಪಷ್ಟವಾಗಿದೆ: ಆ ಕ್ರೌರ್ಯಕ್ಕೆ ಹಿಂದೆ ಒಂದು ನೋವುಂಟು, ಒಂದು ಇತಿಹಾಸವುಂಟು.

ಪ್ರಾಣಿಯೆಂದು ವರ್ಗೀಕರಿಸಿದ್ದರೆ ಈ ಪ್ರಶ್ನೆಗಳಾವುವೂ ಏಳುತ್ತಿರಲಿಲ್ಲ. ಆರೊನಾಕ್ಸನ ತಪ್ಪು ಕೇವಲ ಕಥೆಯ ಕುತೂಹಲಕ್ಕಾಗಿ ಒಡ್ಡಿದ ತಂತ್ರವಲ್ಲವೆಂಬುದು ಇದರಿಂದ ವ್ಯಕ್ತವಾಗುತ್ತದೆ. ಸಮುದ್ರದ ಆಳವನ್ನು ಬಲ್ಲವನು ಮನುಷ್ಯನ ಆಳವನ್ನು ಲೆಕ್ಕಕ್ಕೆ ತೆಗೆದುಕೊಳ್ಳಲಿಲ್ಲ. ಈ ಕೃತಿಯನ್ನು ಪಾಠ ಹೇಳುವವರು ಮೊದಲಿನ ಆ ಏಳು ಅಧ್ಯಾಯಗಳನ್ನು ವಿದ್ಯಾರ್ಥಿಗಳೊಡನೆ ನಿಧಾನವಾಗಿ ಓದಬೇಕೆಂದು ನಾವು ಸೂಚಿಸುತ್ತೇವೆ.