ಗಾರೆಯ ಕಂಬ, ಲೆಕ್ಕದ ಕೋಣೆ

ಉತ್ತರ ಇಟಲಿಯ ವಿಚೆಂಜಾ ಪಟ್ಟಣದಲ್ಲೂ ಅದರ ಸುತ್ತಣ ಹೊಲಗಳ ನಡುವೆಯೂ ಆಂದ್ರೆಯಾ ಪಲ್ಲಾದಿಯೋ ಕಟ್ಟಿದ ಮನೆಗಳು ಇಂದಿಗೂ ನಿಂತಿವೆ. ದೂರದಿಂದ ನೋಡುವವರ ಕಣ್ಣಿಗೆ ಅವುಗಳ ಕಂಬಗಳು ಕಲ್ಲಿನವು. ಗಾರೆ ಉದುರಿದ ಕಡೆ ಗುಟ್ಟು ಬಯಲಾಗುತ್ತದೆ, ಒಳಗಿರುವುದು ಇಟ್ಟಿಗೆ. ಇಟ್ಟಿಗೆಯನ್ನು ದುಂಡಗೆ ಪೇರಿಸಿ, ಮೇಲೆ ನುಣುಪಾಗಿ ಗಾರೆ ಬಳಿದು, ಬುಡಕ್ಕೂ ಬೋದಿಗೆಗೂ ಮಾತ್ರ ಕಲ್ಲು ಕೊಟ್ಟು ಮುಗಿಸಿದ ಕೆಲಸ ಅದು. ಯುರೋಪಿನ ಶಾಸ್ತ್ರೀಯ ವಾಸ್ತುಶಿಲ್ಪಕ್ಕೆ ಗುರುವೆನಿಸಿಕೊಂಡವನು ಹೀಗೆ ವೇಷ ಹಾಕಿಸಬಹುದೇ ಎಂದು ಮೂಗು ಮುರಿಯುವ ರಸಿಕರಿದ್ದಾರೆ. ನನಗೆ ಅವನ ಹೆಚ್ಚುಗಾರಿಕೆ ಕಾಣುವುದೇ ಅಲ್ಲಿ. ರೋಮಿನ ವೈಭವವನ್ನು ಮರಳಿ ತಂದವನು ಎಂಬ ಹೊಗಳಿಕೆ ಅವನಿಗೆ ಅರ್ಧ ಮಾತ್ರ ಒಪ್ಪುತ್ತದೆ. ವೈಭವಕ್ಕೆ ಸಾಕಷ್ಟು ದುಡ್ಡಿಲ್ಲದ ಕಡೆ ಅಳತೆಯಿಂದಲೇ ಘನತೆ ಬರುತ್ತದೆಂದು ಕಟ್ಟಿ ತೋರಿಸಿದವನು ಅವನು. ಅವನ ಸೌಂದರ್ಯಶಾಸ್ತ್ರವೆಂದು ನಾವು ಓದುವುದರಲ್ಲಿ ಬಹುಪಾಲು ಒಬ್ಬ ಕಲ್ಲುಕುಟಿಗನ ಮಿತವ್ಯಯ.

ಕಲ್ಲುಕುಟಿಗ ಎಂಬುದು ಅಲಂಕಾರದ ಮಾತಲ್ಲ. 1508ರಲ್ಲಿ ಪಾದುವಾದಲ್ಲಿ ಒಬ್ಬ ಗಿರಣಿಗಾರನ ಮಗನಾಗಿ ಹುಟ್ಟಿದ ಆಂದ್ರೆಯಾ ಎಳೆಯ ವಯಸ್ಸಿನಲ್ಲೇ ಉಳಿ ಹಿಡಿದ. 1524ರ ಹೊತ್ತಿಗೆ ವಿಚೆಂಜಾದ ಪೆದೆಮೂರೋ ಎಂಬ ಕಲ್ಲುಕೆಲಸದ ಕಾರ್ಖಾನೆ ಸೇರಿದ್ದ. ಮೂವತ್ತರ ಆಸುಪಾಸಿನವರೆಗೂ ಅವನು ಹತ್ತರಲ್ಲಿ ಹನ್ನೊಂದನೆಯ ಕುಶಲಕರ್ಮಿ. ಆಗ ಅವನ ಮೇಲೆ ಕಣ್ಣು ಬಿದ್ದದ್ದು ಕವಿ, ವಿದ್ವಾಂಸ, ಶ್ರೀಮಂತ ಜಾನ್ ಜೋರ್ಜೋ ತ್ರಿಸ್ಸಿನೋನದು. ಗ್ರೀಕ್ ದೇವತೆ ಪಲ್ಲಾಸ್ ಅಥೀನಾಳ ನೆನಪು ತರುವ ‘ಪಲ್ಲಾದಿಯೋ’ ಎಂಬ ಹೆಸರನ್ನಿಟ್ಟವನೂ, 1541ರಲ್ಲಿ ರೋಮಿಗೆ ಕರೆದೊಯ್ದವನೂ ಅವನೇ. ಮೈಕೆಲೆಂಜೆಲೋ, ರಫಾಯೆಲ್ ಮುಂತಾದವರು ಕಟ್ಟಡಕ್ಕೆ ಬಂದದ್ದು ಚಿತ್ರ, ಶಿಲ್ಪಗಳ ದಾರಿಯಿಂದ. ಇವನು ಬಂದದ್ದು ಗೋಡೆಯ ಬುಡದಿಂದ. ರೋಮಿನ ಪಾಳುಗಳ ನಡುವೆ ನಿಂತು ಅವನು ನಿಟ್ಟುಸಿರು ಬಿಡಲಿಲ್ಲ. ಹಗ್ಗ, ಕೋಲು ಹಿಡಿದು ಅಳೆದ. ಆ ಅಳತೆಗಳು ಮುಂದೆ 1570ರಲ್ಲಿ ವೆನಿಸ್ಸಿನಲ್ಲಿ ಅಚ್ಚಾದ ‘ವಾಸ್ತುಶಿಲ್ಪದ ನಾಲ್ಕು ಪುಸ್ತಕಗಳು’ ಎಂಬ ಗ್ರಂಥಕ್ಕೆ ಬೆನ್ನೆಲುಬಾದವು. ಮಾತು ಕಡಿಮೆ, ನಕ್ಷೆ ಹೆಚ್ಚು, ಪ್ರತಿ ಕೋಣೆಯ ಮೇಲೂ ಅಂಕಿ. ಮೇಸ್ತ್ರಿಗೆ ಬೇಕಾದ ಪುಸ್ತಕ ಹೇಗಿರಬೇಕೆಂಬುದು ಮೇಸ್ತ್ರಿಯಾಗಿದ್ದವನಿಗೇ ಗೊತ್ತು.

ನನ್ನ ವಾದಕ್ಕೆ ಮೊದಲ ಸಾಕ್ಷಿ ವಿಚೆಂಜಾದ ಪೇಟೆ ಚೌಕದಲ್ಲಿದೆ. ಅಲ್ಲಿನ ಮಧ್ಯಯುಗದ ಸಭಾಭವನದ ಸುತ್ತ ಕಟ್ಟಿದ್ದ ಕಮಾನಿನ ಮೊಗಸಾಲೆಯ ಒಂದು ಭಾಗ 1496ರಲ್ಲಿ ಕುಸಿಯಿತು. ಮುಂದಿನ ಅರ್ಧ ಶತಮಾನ ಊರಿನ ಹಿರಿಯರು ಸಾನ್ಸೊವೀನೋ, ಸೆರ್ಲಿಯೋ, ಜೂಲಿಯೋ ರೊಮಾನೋ ಎಂಬ ದಿಗ್ಗಜರನ್ನೆಲ್ಲ ಕೇಳಿ ನೋಡಿದರು. ತೊಡಕು ಇದ್ದದ್ದು ಹಳೆಯ ಕಟ್ಟಡದಲ್ಲೇ. ಕಂಬದಿಂದ ಕಂಬಕ್ಕೆ ನಡುವಿನ ಜಾಗವನ್ನು ನಮ್ಮ ಹಳೆಯ ಮನೆಗಳಲ್ಲಿ ಅಂಕಣ ಎನ್ನುತ್ತಾರೆ (ಈ ಬರಹಕ್ಕೂ ಅದೇ ಹೆಸರು, ಇದಕ್ಕೂ ಅಗಲದ ಕಟ್ಟುಪಾಡು ಇದ್ದೇ ಇದೆ). ಅಲ್ಲಿನ ಅಂಕಣಗಳು ಒಂದೊಂದು ಒಂದೊಂದು ಅಗಲ, ಮೂಲೆಯವಂತೂ ಇನ್ನೂ ಕಿರಿದು. ಎಲ್ಲ ಕಡೆ ಒಂದೇ ಕಮಾನು ಹಾಕಿದರೆ ಕೂಡುವುದಿಲ್ಲ, ಅಂಕಣಕ್ಕೆ ತಕ್ಕಂತೆ ಕಮಾನು ಬದಲಿಸಿದರೆ ಸಾಲು ಕೆಡುತ್ತದೆ. 1546ರಲ್ಲಿ ಯೋಜನೆ ಮುಂದಿಟ್ಟ ಪಲ್ಲಾದಿಯೋ ಕಮಾನಿನ ಅಗಲವನ್ನು ಎಲ್ಲೆಡೆ ಒಂದೇ ಮಾಡಿ, ಅದರ ಎಡಬಲಕ್ಕೆ ಜೋಡಿ ಕಿರುಗಂಬ ನಿಲ್ಲಿಸಿ, ಆಚೆ ಒಂದೊಂದು ಚಪ್ಪಟೆ ತಲೆಯ ಕಿಂಡಿ ಬಿಟ್ಟ. ಅಗಲದ ಹೆಚ್ಚುಕಮ್ಮಿಯನ್ನೆಲ್ಲ ಆ ಕಿಂಡಿಗಳು ನುಂಗಿಕೊಂಡವು. ನೋಡುವ ಕಣ್ಣು ಸಮನಾದ ಕಮಾನುಗಳನ್ನು ಹಿಂಬಾಲಿಸುತ್ತದೆಯೇ ಹೊರತು ಪಕ್ಕದ ಸಂದುಗಳನ್ನು ಅಳೆಯಲು ಹೋಗುವುದಿಲ್ಲ. ಕಮಾನು, ಕಿಂಡಿಗಳ ಈ ಜೋಡಣೆ ಅವನ ಕಲ್ಪನೆಯದಲ್ಲ, ಸೆರ್ಲಿಯೋನ ಪುಸ್ತಕದಲ್ಲಿ ಆಗಲೇ ಇತ್ತು. ಅದು ವಕ್ರವನ್ನು ಮುಚ್ಚುವ ಉಪಕರಣವೆಂದು ಹೊಳೆದದ್ದು ಮಾತ್ರ ಇವನಿಗೆ. ಹಳೆಯದನ್ನು ಕೆಡವದೆ ಉಳಿಸಿ, ಅದರ ದೋಷವನ್ನೇ ಲಯವಾಗಿಸಿದ ಇಂಥ ಇನ್ನೊಂದು ಕಟ್ಟಡ ಆ ಶತಮಾನದಲ್ಲಿ ನನಗೆ ಕಾಣದು.

ಎರಡನೆಯ ಸಾಕ್ಷಿ ಹಳ್ಳಿಗಾಡಿನ ಮನೆಗಳದು. ವೆನಿಸ್ಸಿನ ಸಿರಿವಂತರು ತಲೆಮಾರುಗಳ ಕಾಲ ಉಂಡದ್ದು ಕಡಲ ವ್ಯಾಪಾರದ ಅನ್ನ. ಅದರಲ್ಲಿ ನಮ್ಮ ಪಶ್ಚಿಮ ಕರಾವಳಿಯ ಕರಿಮೆಣಸಿನ ಪಾಲೂ ಇತ್ತು. 1498ರಲ್ಲಿ ಪೋರ್ಚುಗೀಸರು ಕಲ್ಲಿಕೋಟೆ ಮುಟ್ಟಿದ ಮೇಲೆ, ತುರ್ಕರೊಡನೆ ಕಾದಾಟಗಳೂ ಸೇರಿ, ಆ ದಾರಿ ಮೊದಲಿನಷ್ಟು ನೆಚ್ಚಿಕೆಯದಾಗಿ ಉಳಿಯಲಿಲ್ಲ. ದುಡ್ಡು ನೆಲದ ಕಡೆ ತಿರುಗಿತು. ಜೌಗು ಬಸಿದರು, ಹೊಲ ಮಾಡಿದರು. ಅವರಿಗೆ ಬೇಕಾದದ್ದು ಅರಮನೆಯಲ್ಲ, ಒಡೆಯನ ಮರ್ಯಾದೆಗೆ ಕುಂದು ಬಾರದ ಬೇಸಾಯದ ಮನೆ. ಫನ್ಸೋಲೋ ಹಳ್ಳಿಯ ವಿಲ್ಲಾ ಎಮೋ ನೋಡಿ. ನಡುವೆ ಎತ್ತರಿಸಿದ ಮನೆ, ಮುಂದೆ ಅಲಂಕಾರವಿಲ್ಲದ ನಾಲ್ಕು ಕಂಬ, ಎರಡು ಕಡೆ ರೆಕ್ಕೆ ಚಾಚಿದಂತೆ ಕಮಾನುಗಳ ಉದ್ದನೆಯ ಸಾಲು. ಆ ಸಾಲಿನ ಹಿಂದೆ ಕಣಜ, ಲಾಯ, ಸಾಮಾನು ಮನೆ. ಎರಡು ತುದಿಗೂ ಪಾರಿವಾಳದ ಗೂಡಿನ ಗೋಪುರ. ಮಳೆಯಲ್ಲೂ ಒಡೆಯ ನೆನೆಯದೆ ಎಲ್ಲ ಕಡೆ ಓಡಾಡಬಹುದೆಂದು ಪಲ್ಲಾದಿಯೋನೇ ಹೇಳಿಕೊಳ್ಳುತ್ತಾನೆ. ಕೊಟ್ಟಿಗೆಯನ್ನು ಹಿತ್ತಲಿಗೆ ತಳ್ಳಿ ಬಚ್ಚಿಡುವುದು ಶ್ರೀಮಂತಿಕೆಯ ಸಾಮಾನ್ಯ ಚಾಳಿ. ಅವನು ಅದನ್ನೇ ಮುಂಭಾಗಕ್ಕೆ ತಂದು ಮನೆಯ ಗಾಂಭೀರ್ಯವನ್ನು ಎರಡರಷ್ಟು ಉದ್ದ ಮಾಡಿದ. ಅದಕ್ಕಾಗಿ ಬೇರೆ ಖರ್ಚು ಬರಲಿಲ್ಲ, ಕೊಟ್ಟಿಗೆಯಂತೂ ಹೇಗೂ ಕಟ್ಟಲೇಬೇಕಿತ್ತು.

ಇನ್ನು ಕೋಣೆಗಳ ಅಳತೆ. ಅವನು ಮೆಚ್ಚಿದ ಕೋಣೆಯ ಆಕಾರಗಳು ಏಳೇ: ವೃತ್ತ, ಚೌಕ, ಚೌಕದ ಕರ್ಣವನ್ನೇ ಉದ್ದವಾಗಿಸಿಕೊಂಡದ್ದು, ಆಮೇಲೆ ಅಗಲಕ್ಕಿಂತ ಮೂರನೆಯ ಒಂದು, ಎರಡನೆಯ ಒಂದು, ಮೂರನೆಯ ಎರಡು ಪಾಲು ಹೆಚ್ಚು ಉದ್ದದವು, ಕೊನೆಗೆ ಜೋಡಿ ಚೌಕ. ಚಪ್ಪಟೆ ಮಾಡಿನ ಕೋಣೆಗೆ ಅಗಲದಷ್ಟೇ ಎತ್ತರ. ಕಮಾನು ಮಾಡಿನದಾದರೆ ಉದ್ದ ಅಗಲಗಳ ನಡುವಿನ ಸರಾಸರಿ, ಅದನ್ನು ತೆಗೆಯುವ ಬಗೆಯೂ ಒಂದಲ್ಲ. 6 ಅಡಿ ಅಗಲ 12 ಅಡಿ ಉದ್ದವಿದ್ದರೆ ಕೂಡಿ ಅರ್ಧ ಮಾಡಿದಾಗ 9 ಬರುತ್ತದೆ, ಹರಾತ್ಮಕ ಸರಾಸರಿಯಲ್ಲಿ 8. ಆರಕ್ಕೆ ಎಂಟು ಎಂದರೆ ಷಡ್ಜಕ್ಕೆ ಮಧ್ಯಮ. ಎಂಟಕ್ಕೆ ಹನ್ನೆರಡು ಎಂದರೆ ಷಡ್ಜಕ್ಕೆ ಪಂಚಮ. ಈ ನಂಟನ್ನು ಹಿಡಿದು ಕಲಾ ಇತಿಹಾಸಕಾರ ರುಡಾಲ್ಫ್ ವಿಟ್‌ಕೋವರ್ 1949ರ ತನ್ನ ಗ್ರಂಥದಲ್ಲಿ, ಪಲ್ಲಾದಿಯೋನ ಮನೆಗಳು ಕಲ್ಲಿಗಿಳಿದ ಸಂಗೀತವೆಂಬ ಅರ್ಥದ ವಾದ ಹೂಡಿದ. ಆಕ್ಷೇಪ ಬಾರದಿರಲಿಲ್ಲ: ಕಟ್ಟಿದ ಕೋಣೆಗಳ ಅಳತೆ ಎಷ್ಟೋ ಕಡೆ ಪುಸ್ತಕದ ಅಂಕಿಗೆ ಹೊಂದುವುದಿಲ್ಲ, ಕಿವಿಗೆ ಶ್ರುತಿ ತಿಳಿದಂತೆ ಕಣ್ಣಿಗೆ ಅನುಪಾತ ತಿಳಿಯುವುದೂ ಇಲ್ಲ. ಎರಡೂ ನಿಜ. ಆದರೆ ಈ ಆಕ್ಷೇಪ ವಿಟ್‌ಕೋವರನನ್ನು ತಾಕುವಷ್ಟು ಪಲ್ಲಾದಿಯೋನನ್ನು ತಾಕುವುದಿಲ್ಲ. ಪುಸ್ತಕದಲ್ಲಿ ಅವನು ಕೊಡುವ ಕಾರಣಗಳು ಬಹಳ ನೆಲದ ಮೇಲಿನವು. ಬಲಗಡೆಯ ಕೋಣೆಗಳು ಎಡಗಡೆಯವನ್ನು ಹೋಲಬೇಕು, ಏಕೆಂದರೆ ಗೋಡೆಗಳು ಮಾಡಿನ ಭಾರವನ್ನು ಸಮನಾಗಿ ಹೊರಬೇಕು. ಕಿಟಕಿಯ ಮೇಲೆ ಕಿಟಕಿ, ಗೋಡೆಯ ಮೇಲೆ ಗೋಡೆ ಬರಬೇಕು, ಇಲ್ಲದಿದ್ದರೆ ಕಟ್ಟಡ ನಿಲ್ಲದು. ಸಣ್ಣ ಕೋಣೆಗೆ ಅಷ್ಟು ಎತ್ತರ ಬೇಡವಾದರೆ ನಡುವೆ ಅಟ್ಟ ಹಾಕಿ. ಅನುಪಾತ ಎಂಬುದು ಇಲ್ಲಿ ದೈವರಹಸ್ಯವಲ್ಲ, ತೀರ್ಮಾನ ಸುಲಭ ಮಾಡುವ ಹತಾರ. ನಿವೇಶನಕ್ಕೆ ತಕ್ಕಂತೆ ಅವನು ಅದನ್ನು ಬಗ್ಗಿಸಿದ್ದರೆ ಅಚ್ಚರಿಯೇನು?

ಹಾಗಾದರೆ ಅವನ ರೊತೋಂದಾ ಎಂಬ ಮನೆಯ ಮಾತೇನು ಎಂದು ಕೇಳುವವರಿದ್ದಾರೆ. ಗುಡ್ಡದ ಮೇಲೆ ನಾಲ್ಕು ದಿಕ್ಕಿಗೂ ಗುಡಿಯ ಮುಖಮಂಟಪ, ನಡುವೆ ಗುಮ್ಮಟ. ಇದರಲ್ಲಿ ಮಿತವ್ಯಯ ಎಲ್ಲಿದೆ? ಒಪ್ಪುತ್ತೇನೆ, ಇಲ್ಲ. ರೋಮಿನಲ್ಲಿ ಪೋಪರ ಸೇವೆ ಮುಗಿಸಿ ಬಂದ ಪಾವ್ಲೋ ಅಲ್ಮೆರಿಕೋ ಎಂಬ ಪಾದ್ರಿಗೆ 1560ರ ದಶಕದಲ್ಲಿ ಆರಂಭಿಸಿದ ಆ ಮನೆಯನ್ನು ಪಲ್ಲಾದಿಯೋ ತನ್ನ ಪುಸ್ತಕದಲ್ಲಿ ವಿಲ್ಲಾಗಳ ಜೊತೆ ಸೇರಿಸದೆ ಪಟ್ಟಣದ ಮನೆಗಳ ಸಾಲಿಗೆ ಹಾಕಿದ್ದಾನೆ. ಅದು ವಾಸಕ್ಕಿಂತ ನೋಟಕ್ಕೆ ಹೇಳಿ ಮಾಡಿಸಿದ ಮಂಟಪ. ಅತಿ ಹೆಚ್ಚು ನಕಲಾದದ್ದು ಅವನ ಎಂದಿನ ರೀತಿಗೆ ಅತಿ ಕಡಿಮೆ ಹೊಂದುವ ಈ ಕೃತಿ ಎಂಬುದು ಅವನ ಅದೃಷ್ಟವೋ ದುರದೃಷ್ಟವೋ. ಮನೆಗೆ ಗುಡಿಯ ಮುಖ ಅಂಟಿಸಿದ್ದೇ ಇತಿಹಾಸದ ತಪ್ಪು ಓದು. ಪ್ರಾಚೀನರ ಗುಡಿಗಳು ಮನೆಗಳಿಂದ ಹುಟ್ಟಿದವು, ಹಾಗಾಗಿ ಹಳೆಯ ರೋಮನ್ ಮನೆಗಳಿಗೂ ಇಂಥ ಮುಖವಿತ್ತೆಂದು ಅವನು ಊಹಿಸಿದ್ದ. ಊಹೆ ತಪ್ಪು. ಆ ತಪ್ಪು ಇಲ್ಲದಿದ್ದರೆ ವಿಲ್ಲಾ ಎಮೋದ ಮೊಗಸಾಲೆಯೂ ಇರುತ್ತಿರಲಿಲ್ಲ.

ಇದಕ್ಕಿಂತ ಗಟ್ಟಿಯಾದ ಆಕ್ಷೇಪ ಇನ್ನೊಂದಿದೆ: ಈ ಮಿತವ್ಯಯದ ಲಾಭ ಸಂದದ್ದು ಯಾರಿಗೆ? ಕಣಜ ತುಂಬಿದ ರೈತನಿಗಲ್ಲ. ಗುಡಿಯ ಮುಖ ಇಟ್ಟರೆ ಒಡೆಯನ ವಂಶಲಾಂಛನ ಚೆನ್ನಾಗಿ ಕಾಣುತ್ತದೆಂದು ಪಲ್ಲಾದಿಯೋ ಮುಚ್ಚುಮರೆಯಿಲ್ಲದೆ ಬರೆದಿದ್ದಾನೆ. ಮುಂದೆ ಇಂಗ್ಲೆಂಡಿನ ಜಮೀನ್ದಾರರೂ ಅಮೆರಿಕದ ಗುಲಾಮರ ತೋಟಗಳ ಮಾಲೀಕರೂ ಅವನ ಪುಸ್ತಕ ಹಿಡಿದದ್ದು ಇದೇ ಕಾರಣಕ್ಕೆ. ಕೆಡಲ್‌ಸ್ಟನ್ ಹಾಲ್ ಎಂಬ ಇಂಗ್ಲಿಷ್ ಬಂಗಲೆಯ ತಳವಿನ್ಯಾಸ ಹುಟ್ಟಿದ್ದು ಅವನು ಪುಸ್ತಕದಲ್ಲಿ ಬಿಡಿಸಿಟ್ಟಿದ್ದ ಒಂದು ವಿಲ್ಲಾದಿಂದ. ಆ ಬಂಗಲೆಯ ಮಾದರಿಯಲ್ಲಿ ಗವರ್ನರ್ ಜನರಲ್ ವೆಲ್ಲೆಸ್ಲಿ ಕಲ್ಕತ್ತೆಯ ಗವರ್ನಮೆಂಟ್ ಹೌಸ್ ಕಟ್ಟಿಸಲು ತೊಡಗಿದ್ದು 1799ರಲ್ಲಿ, ಶ್ರೀರಂಗಪಟ್ಟಣ ಬಿದ್ದ ವರ್ಷವೇ. ಈ ದೋಷವನ್ನು ತೊಳೆಯಲು ನನ್ನಿಂದಾಗದು. ಒಂದು ಮಾತ್ರ ಹೇಳಬಲ್ಲೆ: ನಕಲು ಮಾಡಿದವರು ಕಂಬವನ್ನು ಕೊಂಡೊಯ್ದರು, ಕೊಟ್ಟಿಗೆಯನ್ನು ಬಿಟ್ಟರು. ಗಾರೆಯಲ್ಲಿ ಆಗುತ್ತಿದ್ದುದನ್ನು ದುಬಾರಿ ಕಲ್ಲಿನಲ್ಲಿ ಮಾಡಿದ ಅನುಯಾಯಿ, ಗುರುವಿನ ಪಾಠದ ಮೊದಲ ಪುಟವನ್ನೇ ಓದಲಿಲ್ಲ.

ಪಲ್ಲಾದಿಯೋ 1580ರ ಆಗಸ್ಟಿನಲ್ಲಿ ತೀರಿಕೊಂಡ. ವಿಚೆಂಜಾದ ಚೌಕದ ಆ ಮೊಗಸಾಲೆ ಮುಗಿಯಲು ಆಮೇಲೂ ಮೂವತ್ತಕ್ಕೂ ಹೆಚ್ಚು ವರ್ಷ ಹಿಡಿಯಿತು. ಕೊನೆಯ ಕಮಾನುಗಳನ್ನು ಏರಿಸಿದ ಕಲ್ಲುಕುಟಿಗರಲ್ಲಿ ಬಹುಮಂದಿ ಅವನನ್ನು ಕಂಡಿರಲಿಕ್ಕಿಲ್ಲ. ಮೊದಲ ಕಮಾನಿನ ಅಗಲ, ಕೊನೆಯದರ ಅಗಲ ಎರಡೂ ಒಂದೇ.