ಪಾರ್ಮೆನಿಡೀಸನ ಕಾವ್ಯದಲ್ಲಿ ಇರವಿನ ವಿಚಾರ

ಪಾರಸಿಕರ ಆಕ್ರಮಣಕ್ಕೆ ತಾಯ್ನೆಲವನ್ನು ತೊರೆದು ಬಂದ ಫೋಸಿಯಾ ನಗರದ ಗ್ರೀಕರು ಕ್ರಿ.ಪೂ. 540ರ ಸುಮಾರಿಗೆ ದಕ್ಷಿಣ ಇಟಲಿಯ ಪಶ್ಚಿಮ ಕರಾವಳಿಯಲ್ಲಿ ಕಟ್ಟಿಕೊಂಡ ಎಲಿಯಾ ಎಂಬ ಪಟ್ಟಣದವನಾದ ಪಾರ್ಮೆನಿಡೀಸನು ತನ್ನ ಜೀವಮಾನದಲ್ಲಿ ರಚಿಸಿದುದು ಒಂದೇ ಒಂದು ಕಾವ್ಯವೆಂದು ಪ್ರಾಚೀನರು ಹೇಳುತ್ತಾರೆ. ಅದರಲ್ಲಿ ನಮಗೆ ದಕ್ಕಿರುವುದು ಸುಮಾರು 160 ಪಂಕ್ತಿಗಳು ಮಾತ್ರ. ಪೀಠಿಕೆಯನ್ನು ಸೆಕ್ಸ್ಟಸ್ ಎಂಪಿರಿಕಸನು ಕಾಪಾಡಿದನು; ತತ್ತ್ವಭಾಗದ ಹೃದಯವೆನಿಸಿದ ದೀರ್ಘಖಂಡವನ್ನು, ಗ್ರಂಥವು ಆಗಲೇ ದುರ್ಲಭವಾಗಿತ್ತೆಂಬ ಕಾರಣದಿಂದ, ಆರನೆಯ ಶತಮಾನದ ಸಿಂಪ್ಲೀಸಿಯಸನು ಅರಿಸ್ಟಾಟಲನ ಭೌತಶಾಸ್ತ್ರಕ್ಕೆ ತಾನು ಬರೆದ ವ್ಯಾಖ್ಯಾನದೊಳಗೆ ಎತ್ತಿಕೊಂಡನು. ಇಷ್ಟು ಅಲ್ಪವಾದ ಅವಶೇಷವು ಇಷ್ಟು ದೀರ್ಘಕಾಲ ಚಿಂತಕರನ್ನು ಕಾಡಿದ ನಿದರ್ಶನ ತತ್ತ್ವಶಾಸ್ತ್ರದ ಚರಿತ್ರೆಯಲ್ಲಿ ವಿರಳ.

ಕಾವ್ಯವು ಒಂದು ಪಯಣದಿಂದ ಮೊದಲಾಗುತ್ತದೆ. ಹೆಣ್ಣುಕುದುರೆಗಳು ಎಳೆಯುವ ರಥವು ಕಾದ ಅಚ್ಚು ಕೊಳಲಿನಂತೆ ಧ್ವನಿಗೈಯುತ್ತ ಓಡುತ್ತದೆ. ಸೂರ್ಯಪುತ್ರಿಯರು ದಾರಿ ತೋರುತ್ತಾರೆ. ಹಗಲಿರುಳುಗಳ ಹೆಬ್ಬಾಗಿಲ ಬೀಗದ ಕೈಗಳನ್ನು ಹಿಡಿದ ನ್ಯಾಯದೇವತೆಯು ಅವರ ಮೃದುವಚನಗಳಿಗೆ ಒಲಿದು ಅಗಳಿಯನ್ನು ಸರಿಸುತ್ತಾಳೆ. ಒಳಗೆ ಹೆಸರಿಲ್ಲದ ದೇವಿಯೊಬ್ಬಳು ತರುಣನ ಬಲಗೈಯನ್ನು ಹಿಡಿದು ಸ್ವಾಗತಿಸುತ್ತಾಳೆ. ಸಿಸೆರೊ, ಪ್ಲೂಟಾರ್ಕ್ ಮೊದಲಾದವರು ಈತನ ಪದ್ಯರಚನೆಯನ್ನು ಅಷ್ಟಾಗಿ ಮೆಚ್ಚಲಿಲ್ಲ. ಹೋಮರನು ಬಳಸಿದ ಆರು ಗಣಗಳ ಛಂದಸ್ಸು ತರ್ಕದ ಭಾರಕ್ಕೆ ಅಲ್ಲಲ್ಲಿ ಕುಸಿಯುವುದು ನಿಜ. ಆದರೆ ಪೀಠಿಕೆಯನ್ನು ಬರಿಯ ಅಲಂಕಾರವೆಂದು ತಳ್ಳಿಹಾಕುವವರ ಮಾತನ್ನು ನಾನು ಒಪ್ಪಲಾರೆ. ದೈವವಾಣಿಯೆಂದು ಆರಂಭವಾದ ಉಪದೇಶದ ನಡುವೆ ಆ ದೇವಿಯು, ರೂಢಿಯ ಬಲಕ್ಕೆ ಒಳಗಾಗಿ ಗುರಿಯಿಲ್ಲದ ಕಣ್ಣನ್ನೂ ಮೊರೆವ ಕಿವಿಯನ್ನೂ ನಾಲಗೆಯನ್ನೂ ನೆಚ್ಚಬೇಡ, ನಾನು ಹೇಳಿದುದನ್ನು ನಿನ್ನ ವಿವೇಚನೆಯಿಂದಲೇ ಪರೀಕ್ಷಿಸು ಎಂಬರ್ಥದ ಮಾತನ್ನು ಆಡುತ್ತಾಳೆ. ಶ್ರದ್ಧೆಯನ್ನು ಕೇಳಬಹುದಾಗಿದ್ದ ದೇವತೆಯು ಪರೀಕ್ಷೆಯನ್ನು ಕೇಳುತ್ತಾಳೆ. ಕಾವ್ಯದ ಘನತೆಯೆಲ್ಲವೂ ನನಗೆ ಈ ಒಂದು ತಿರುವಿನಲ್ಲಿ ನೆಲೆಗೊಂಡಂತೆ ತೋರುತ್ತದೆ.

ಥೇಲೀಸನು ನೀರನ್ನೂ ಅನಕ್ಸಿಮಿನೀಸನು ವಾಯುವನ್ನೂ ಜಗತ್ತಿನ ಮೂಲವೆಂದರು. ಜಗತ್ತು ಯಾವುದರಿಂದಾಯಿತೆಂಬ ಅವರ ಪ್ರಶ್ನೆಯನ್ನು ಪಾರ್ಮೆನಿಡೀಸನು ಬದಿಗಿರಿಸಿ, ಯಾವುದನ್ನೇ ಆಗಲಿ ‘ಇದೆ’ ಎನ್ನುವಾಗ ನಾವು ಯಾವುದಕ್ಕೆ ಕಟ್ಟುಬೀಳುತ್ತೇವೆಂದು ಕೇಳಿದನು. ಇದೆ ಎಂಬುದೊಂದು ಮಾರ್ಗ, ಇಲ್ಲ ಎಂಬುದು ಇನ್ನೊಂದು. ಎರಡನೆಯದರಲ್ಲಿ ಕಾಲಿಡಲಾಗದು, ಏಕೆಂದರೆ ಇಲ್ಲದುದನ್ನು ಅರಿಯುವುದಾಗಲಿ ನುಡಿಯುವುದಾಗಲಿ ಸಾಧ್ಯವಿಲ್ಲ. ಇವೆರಡನ್ನೂ ಬೆರಸಿ ನಡೆಯುವ ಮರ್ತ್ಯರು ಅವನ ದೃಷ್ಟಿಯಲ್ಲಿ ಎರಡು ತಲೆಯವರು. ಇಲ್ಲಿಂದ ಅವನ ವಾದವು ನಿರ್ದಾಕ್ಷಿಣ್ಯವಾಗಿ ಮುಂದುವರಿಯುತ್ತದೆ. ಇರುವುದು ಹುಟ್ಟಿತೆಂದಾದರೆ ಯಾವುದರಿಂದ ಹುಟ್ಟಿತು? ಶೂನ್ಯದಿಂದ ಎನ್ನುವುದಾದರೆ, ಆ ಶೂನ್ಯವು ಮುಂಚೆಯಲ್ಲದೆ ಅನಂತರವೇ ಅದನ್ನು ಹೊರಹೊಮ್ಮಿಸುವಂತೆ ಮಾಡಿದ ಅಗತ್ಯವಾವುದು? ಭೂಮಿಯು ಯಾವ ದಿಕ್ಕಿಗೂ ಸರಿಯಲು ಕಾರಣವಿಲ್ಲದೆ ನಡುವೆ ನಿಂತಿದೆಯೆಂದು ಅನಕ್ಸಿಮ್ಯಾಂಡರನು ಒಂದು ಕಾಯಕ್ಕೆ ಅನ್ವಯಿಸಿದ್ದ ಯುಕ್ತಿಯನ್ನು ಇವನು ಸಮಸ್ತ ಅಸ್ತಿತ್ವಕ್ಕೇ ಅನ್ವಯಿಸಿದನು. ಸೃಷ್ಟಿಗೆ ತಿಥಿಯನ್ನು ಗೊತ್ತುಪಡಿಸಹೊರಡುವ ಯಾವ ಸಿದ್ಧಾಂತವಾದರೂ ಇಂದಿಗೂ ಈ ಪ್ರಶ್ನೆಯನ್ನು ಎದುರಿಸಲೇಬೇಕು. ಜನನವಿಲ್ಲ, ಮರಣವಿಲ್ಲ, ಭಾಗವಿಲ್ಲ, ಚಲನೆಯಿಲ್ಲ; ‘ಇತ್ತು’, ‘ಇರುವುದು’ ಎಂಬ ಕಾಲಭೇದವೂ ಇಲ್ಲದೆ ಈಗ ಅಖಂಡವಾಗಿ ಇದೆ.

ಭಾರತೀಯ ಓದುಗನಿಗೆ ಇಲ್ಲಿ ಛಾಂದೋಗ್ಯದ ಉದ್ದಾಲಕನು ನೆನಪಾಗದೆ ಇರನು. ಅಸತ್ತಿನಿಂದ ಸತ್ತು ಹೇಗೆ ಹುಟ್ಟೀತೆಂದು ಅವನೂ ಮಗನಾದ ಶ್ವೇತಕೇತುವನ್ನು ಕೇಳಿದ್ದಾನೆ. ಆದರೆ ಈ ಸಾದೃಶ್ಯದಿಂದ ಇಬ್ಬರನ್ನೂ ಒಂದೇ ಮತದವರೆಂದು ಎಣಿಸುವುದು ಆತುರದ ತೀರ್ಮಾನ. ಉದ್ದಾಲಕನ ಸತ್ತು ಬಹುವಾಗಬೇಕೆಂದು ಸಂಕಲ್ಪಿಸಿ ತೇಜಸ್ಸನ್ನು ಸೃಜಿಸುತ್ತದೆ, ಕಡೆಗೆ ಶ್ವೇತಕೇತುವಿನ ಆತ್ಮವೇ ಆಗಿ ನಿಲ್ಲುತ್ತದೆ; ಎಲಿಯಾದವನ ಸತ್ತು ಸಂಕಲ್ಪಿಸುವುದಿಲ್ಲ, ಏನೂ ಆಗುವುದಿಲ್ಲ, ಕೇಳುತ್ತ ನಿಂತ ತರುಣನಿಗೆ ನೀನಾರೆಂಬುದನ್ನು ತಿಳಿಸುವುದೂ ಇಲ್ಲ.

ವಾದದ ಬಿಗಿ ಸಡಿಲಗೊಳ್ಳುವುದು ಇರವಿಗೆ ಎಲ್ಲೆಯನ್ನು ಕಲ್ಪಿಸುವ ಸ್ಥಳದಲ್ಲಿ. ಅದು ಎಲ್ಲ ಕಡೆಯಿಂದಲೂ ಸಮತೂಕದ ಗುಂಡಾದ ಚೆಂಡನ್ನು ಹೋಲುತ್ತದೆಂದೂ, ನ್ಯಾಯದೇವತೆಯೂ ನಿಯತಿಯೂ ಅದನ್ನು ಸಂಕಲೆಯಲ್ಲಿ ಬಿಗಿದಿದ್ದಾರೆಂದೂ ಹೇಳುವಾಗ, ಯುಕ್ತಿಯು ಮಾಡಬೇಕಾದ ಕೆಲಸವನ್ನು ರೂಪಕವು ಮಾಡುತ್ತದೆ. ಎಲ್ಲೆಯಾಚೆ ಏನಿದೆಯೆಂಬ ಶಂಕೆಗೆ ಆಸ್ಪದವಾಗದಂತೆ ಇರುವುದನ್ನು ಅನಂತವೆಂದ ಸೇಮೋಸಿನ ಮೆಲಿಸಸನು ಈ ವಿಷಯದಲ್ಲಿ ಗುರುವಿಗಿಂತ ಹೆಚ್ಚು ಪ್ರಾಮಾಣಿಕನಾದ ತಾರ್ಕಿಕನು.

ಇದಕ್ಕಿಂತ ದೊಡ್ಡ ಕೊರತೆಯೊಂದುಂಟು. ಸತ್ಯವನ್ನು ಬೋಧಿಸಿ ಮುಗಿಸಿದ ದೇವಿಯು, ಇನ್ನು ಮುಂದಿನದು ವಂಚಕವಾದ ಪದಜೋಡಣೆಯೆಂದು ಎಚ್ಚರಿಸಿಯೇ, ಬೆಳಕು ಮತ್ತು ಇರುಳು ಎಂಬ ಎರಡು ರೂಪಗಳಿಂದ ಪೂರ್ಣವಾದೊಂದು ವಿಶ್ವವರ್ಣನೆಯನ್ನು ಕೈಗೊಳ್ಳುತ್ತಾಳೆ. ಭೂಮಿಯ ಸುತ್ತ ಅಲೆಯುವ ಚಂದ್ರನದು ಎರವಲು ಬೆಳಕೆಂಬ ಸೂಕ್ಷ್ಮ ನಿರೀಕ್ಷಣೆ ಈ ಭಾಗದಲ್ಲಿಯೇ ಇದೆ. ಮರ್ತ್ಯರ ಯಾವ ಅಭಿಪ್ರಾಯವೂ ನಿನ್ನನ್ನು ಮೀರದಿರಲೆಂದು ಇದನ್ನು ಹೇಳುತ್ತೇನೆಂಬ ಅವಳ ಸಮಾಧಾನ ಸಾಲದು. ಇರುವುದು ಒಂದೇ ಮತ್ತು ಅಚಲವೇ ಆದರೆ, ಬಹುತ್ವವನ್ನು ಕಂಡು ಭ್ರಮಿಸುವ ಮರ್ತ್ಯರು ಎಲ್ಲಿಂದ ಬಂದರು? ಭ್ರಾಂತಿಯೂ ಒಂದು ಬಗೆಯಲ್ಲಿ ಇರಲೇಬೇಕಷ್ಟೆ. ಅದಕ್ಕೆ ಕಾವ್ಯದಲ್ಲಿ ಸ್ಥಾನವಿಲ್ಲ. ನಮ್ಮ ಅದ್ವೈತಿಗಳು ಸದಸದ್ವಿಲಕ್ಷಣವೆಂಬ ಮೂರನೆಯ ಕೋಟಿಯನ್ನು ಕಲ್ಪಿಸಿ ಹೊತ್ತುಕೊಂಡ ಹೊಣೆಯನ್ನು ಪಾರ್ಮೆನಿಡೀಸನು ಹೊರಲಿಲ್ಲ.

ಆ ಹೊಣೆಯು ಅವನ ಅನಂತರದವರ ಪಾಲಿಗೆ ಬಂದಿತು. ಎಂಪೆಡೊಕ್ಲೀಸ್, ಅನಕ್ಸಾಗೊರಸರು ಶೂನ್ಯದಿಂದ ಏನೂ ಹುಟ್ಟದೆಂಬುದನ್ನು ಒಪ್ಪಿ, ಹುಟ್ಟುಸಾವುಗಳನ್ನು ದ್ರವ್ಯಗಳ ಕೂಡುವಿಕೆ ಅಗಲುವಿಕೆಗಳೆಂದು ವಿವರಿಸಿದರು. ಲ್ಯೂಸಿಪ್ಪಸ್ ಮತ್ತು ಡೆಮಾಕ್ರಿಟಸರು ಎಲಿಯಾದ ಸತ್ತಿನ ಲಕ್ಷಣಗಳನ್ನು ಒಂದೊಂದು ಪರಮಾಣುವಿಗೂ ಹಂಚಿ, ಇಲ್ಲದ ಅವಕಾಶವೂ ಇದೆಯೆಂದು ಸಾಹಸದಿಂದ ಸಾರಿದರು. ಆದರೆ ತಪ್ಪಿನ ಬೇರನ್ನು ಮುಟ್ಟಿದವನು ಪ್ಲೇಟೋ. ‘ಸೋಫಿಸ್ಟ್’ ಸಂವಾದದಲ್ಲಿ ಎಲಿಯಾದಿಂದಲೇ ಬಂದ ಅತಿಥಿಯೊಬ್ಬನು, ತನ್ನನ್ನು ಪಿತೃಹಂತಕನೆಂದು ತಿಳಿಯಬೇಡಿರೆಂದು ಬೇಡಿಕೊಂಡು, ಪಿತೃಸಮಾನನಾದ ಪಾರ್ಮೆನಿಡೀಸನ ವಾಕ್ಯವನ್ನು ಖಂಡಿಸುತ್ತಾನೆ. ಒಂದು ವಸ್ತು ದೊಡ್ಡದಲ್ಲವೆಂದಾಗ ಅದು ಇಲ್ಲವೇ ಇಲ್ಲವೆಂದು ಅರ್ಥವಲ್ಲ, ದೊಡ್ಡದಕ್ಕಿಂತ ಅನ್ಯವೆಂದಷ್ಟೇ ಅರ್ಥ; ನಿಷೇಧವೆಂಬುದು ಅಭಾವವಲ್ಲ, ಅನ್ಯತ್ವ. ಈ ವಿವೇಕದಿಂದ ಬಹುತ್ವಕ್ಕೂ ಚಲನೆಗೂ ಸುಳ್ಳಿಗೂ ಮರಳಿ ಎಡೆ ದೊರಕಿತು; ಪಾರ್ಮೆನಿಡೀಸನು ಒಂದೇ ನಿಷೇಧಪದದಲ್ಲಿ ಎರಡು ಭಾವಗಳನ್ನು ಕಲಸಿದ್ದನೆಂಬುದೂ ಬಯಲಾಯಿತು. ಸತ್ತಿಗೆ ಸರ್ವಥಾ ವಿರುದ್ಧವಾದ ಕೇವಲ ಅಸತ್ತಿನ ಮಾತು ಬಂದಾಗ ಮಾತ್ರ, ಅದು ಇದೆಯೋ ಇಲ್ಲವೋ, ವಿವರಣೆಗೆ ನಿಲುಕುವುದೋ ನಿಲುಕದೋ ಎಂಬ ಚರ್ಚೆಗೆ ತಾವು ಬಹು ಹಿಂದೆಯೇ ವಿದಾಯ ಹೇಳಿದೆವೆಂದು ಆ ಅತಿಥಿಯೇ ಒಪ್ಪಿಕೊಳ್ಳುತ್ತಾನೆ. ದೇವಿಯು ತರುಣನಿಗೆ ನಿಷೇಧಿಸಿದ ಮಾರ್ಗವನ್ನು ಅವನೂ ತುಳಿಯಲಿಲ್ಲ.